ಒಡೆಯದ ಕಲ್ಲು ಎಂಬುದು ಇದೆಯೆ?

ಕಳೆದ ಕಿರುಪರೀಕ್ಷೆಯಲ್ಲಿ ಎಂಟನೆಯ ತರಗತಿಗೆ ಒಂದು ಅಂಕದ ಪ್ರಶ್ನೆ ಕೊಟ್ಟಿದ್ದೆ: 'ಪ್ರಕೃತಿಯಲ್ಲಿ ದೊರೆಯುವ ಅತ್ಯಂತ ಗಡಸಾದ ವಸ್ತು ಯಾವುದು?' ಹೆಚ್ಚಿನವರು ವಜ್ರ ಎಂದು ಬರೆದಿದ್ದರು. ಇಬ್ಬರು ಕಬ್ಬಿಣ ಎಂದಿದ್ದರು. ಒಬ್ಬ ಮಾತ್ರ, 'ಬೆಡ್‌ರಾಕ್. ಅದನ್ನು ಯಾವುದರಿಂದಲೂ ಒಡೆಯಲು ಆಗುವುದಿಲ್ಲ. ಎರಡನೆಯದು ಅಬ್ಸಿಡಿಯನ್' ಎಂದು ಬರೆದು, ಒಂದು ಅಂಕಕ್ಕೆ ಅಷ್ಟು ಸಾಲದೇನೋ ಎಂಬಂತೆ ಕೆಳಗೆ ಚಿತ್ರವನ್ನೂ ಬಿಡಿಸಿದ್ದ.

ಸೊನ್ನೆ ಹಾಕಲು ಕೆಂಪು ಪೆನ್ನು ಎತ್ತಿದವನು ಹಾಗೇ ನಿಲ್ಲಿಸಿದೆ. ಹುಡುಗ ದಡ್ಡನಲ್ಲ. ಅದೂ ಅಲ್ಲದೆ, ಅವನ ತಂದೆ ಊರ ಹಿಂದಿನ ಗುಡ್ಡದಲ್ಲಿ ದಿನವೂ ಬಂಡೆ ಸೀಳುವ ಕೆಲಸ ಮಾಡುವವರು. ಬಂಡೆ ಸೀಳಿದ ಕೂಲಿಯಲ್ಲಿ ಓದುವ ಹುಡುಗ, ಬಂಡೆ ಒಡೆಯುವುದೇ ಇಲ್ಲ ಎಂದು ಬರೆದಿದ್ದಾನೆ! ಮಧ್ಯಾಹ್ನದ ಊಟವಾದ ಮೇಲೆ ಕರೆದು ಕೇಳಿದೆ.

"ಯಾವ ಪುಸ್ತಕದಲ್ಲಿ ಓದಿದೆಯಪ್ಪ ಇದನ್ನ?"

"ಪುಸ್ತಕ ಅಲ್ಲ ಸಾರ್, ಗೇಮು. ಮೈನ್‌ಕ್ರಾಫ್ಟ್. ಚಿಕ್ಕಪ್ಪನ ಫೋನಲ್ಲಿ ಆಡ್ತೀನಿ."

ಮಕ್ಕಳಿಗೆ ಇದನ್ನು ವಿವರಿಸಬೇಕಾಗಿಲ್ಲ; ತಂದೆತಾಯಿಗಳಿಗಾಗಿ ಹೇಳುತ್ತೇನೆ. ಮಣ್ಣು, ಮರ, ಕಲ್ಲು, ಕಬ್ಬಿಣದ ಅದಿರು ಎಲ್ಲವೂ ಚೌಕನೆಯ ಗಡ್ಡೆಗಳಾಗಿರುವ ಒಂದು ಲೋಕ ಅದು. ಗಡ್ಡೆಗಳನ್ನು ಅಗೆದು ತೆಗೆದು, ಬೇಕಾದ ಕಡೆ ಜೋಡಿಸಿ ಮನೆ, ಕೋಟೆ, ಊರು ಏನು ಬೇಕಾದರೂ ಕಟ್ಟಬಹುದು. ಸ್ವೀಡನ್ನಿನ ಮೊಜಾಂಗ್ ಎಂಬ ಸಂಸ್ಥೆ 2011ರಲ್ಲಿ ಇದನ್ನು ಪೂರ್ಣರೂಪದಲ್ಲಿ ಹೊರತಂದಿತು. 2014ರಲ್ಲಿ ಮೈಕ್ರೋಸಾಫ್ಟ್ ಆ ಸಂಸ್ಥೆಯನ್ನು ಕೊಂಡುಕೊಂಡಿತು. ಆಟದಲ್ಲಿ ಅಗೆಯುತ್ತ ಅಗೆಯುತ್ತ ತೀರ ಕೆಳಗೆ ಹೋದರೆ ಕಪ್ಪು ಬೂದು ಬಣ್ಣದ ಕಲ್ಲು ಸಿಗುತ್ತದೆ. ಅದೇ ಬೆಡ್‌ರಾಕ್. ಗುದ್ದಲಿ ನಡೆಯದು, ವಜ್ರದ ಹಾರೆ ನಡೆಯದು, ಸಿಡಿಮದ್ದಿಗೂ ಜಗ್ಗದು.

ಹುಡುಗ ಲೆಕ್ಕವನ್ನೂ ಒಪ್ಪಿಸಿದ. ಸ್ಫೋಟ ತಡೆಯುವ ಶಕ್ತಿಗೆ ಆಟದವರು ಒಂದೊಂದು ವಸ್ತುವಿಗೆ ಒಂದೊಂದು ಸಂಖ್ಯೆ ಕೊಟ್ಟಿದ್ದಾರಂತೆ. ಸಾಧಾರಣ ಕಲ್ಲಿಗೆ 6, ಅಬ್ಸಿಡಿಯನ್ನಿಗೆ 1200, ಬೆಡ್‌ರಾಕಿಗೆ 36 ಲಕ್ಷ. ಗಡಸುತನಕ್ಕೆ ಬೇರೆ ಸಂಖ್ಯೆ. ಕಲ್ಲಿಗೆ ಒಂದೂವರೆ, ಅಬ್ಸಿಡಿಯನ್ನಿಗೆ 50, ಬೆಡ್‌ರಾಕಿಗೆ ಮೈನಸ್ ಒಂದು. ಇಲ್ಲಿ ನನಗೆ ನಗು ಬಂತು. ಮೈನಸ್ ಒಂದು ಎಂಬ ಗಡಸುತನ ಯಾವ ಪ್ರಯೋಗಶಾಲೆಯಲ್ಲಿಯೂ ಇಲ್ಲ. 'ಇದನ್ನು ಒಡೆಯಲು ಬಿಡಬೇಡ' ಎಂದು ಕಂಪ್ಯೂಟರಿಗೆ ಹೇಳಲು ಬರೆದಿಟ್ಟ ಗುರುತು ಅದು. ಆ ತಳ ಇಲ್ಲದಿದ್ದರೆ ಆಡುವವನು ಲೋಕದ ಕೆಳಗಿನ ಶೂನ್ಯಕ್ಕೆ ಬಿದ್ದುಹೋಗುತ್ತಾನೆ. ಅಂದರೆ ಅದು ಕಲ್ಲಲ್ಲ, ಬೇಲಿ.

"ಕ್ರಿಯೇಟಿವ್‌ನಲ್ಲಿ ಮಾತ್ರ ಒಡೀಬಹುದು ಸಾರ್" ಎಂದು ಹುಡುಗ ಪ್ರಾಮಾಣಿಕವಾಗಿ ಸೇರಿಸಿದ. ಆಟದಲ್ಲಿ ಅದೊಂದು ಬಗೆಯಂತೆ, ಅಲ್ಲಿ ಆಡುವವನೇ ದೇವರು.

ಆಟ ಕೆಟ್ಟದ್ದೆಂದು ಬರೆಯಲು ನಾನು ಕೂತಿಲ್ಲ. ಮಕ್ಕಳು ಅದರಲ್ಲಿ ಕೋಟೆ ಕಟ್ಟುವಾಗ ತೋರುವ ತಾಳ್ಮೆಯ ಕಾಲುಭಾಗ ನನ್ನ ತರಗತಿಯಲ್ಲಿ ತೋರಿದರೂ ಸಂತೋಷಪಡುವೆ. ಲಾವಾದ ಮೇಲೆ ನೀರು ಹರಿದರೆ ಅಬ್ಸಿಡಿಯನ್ ಆಗುತ್ತದೆ ಎನ್ನುವಲ್ಲಿ ವಿಜ್ಞಾನವೂ ಇದೆ. ಶಿಲಾರಸ ಹರಳುಗಟ್ಟಲು ಪುರಸೊತ್ತು ಸಿಗದಂತೆ ಬೇಗ ತಣಿದರೆ ಗಾಜಾಗುತ್ತದೆ. ಆದರೆ ಆಟದಲ್ಲಿ 1200 ಅಂಕ ಗಳಿಸಿದ ಆ ಕಲ್ಲು ನಿಜಜೀವನದಲ್ಲಿ ಗಾಜೇ. ಸುತ್ತಿಗೆಯ ಒಂದೇಟು ಬಿದ್ದರೆ ಚೂರಾಗುತ್ತದೆ. ಚೂರಿನ ಅಂಚು ಕ್ಷೌರದ ಕತ್ತಿಯಷ್ಟು ಹರಿತ. ಮೆಕ್ಸಿಕೋದ ಪ್ರಾಚೀನರು ಅದರಿಂದ ಅಲಗುಗಳನ್ನು ಮಾಡಿಕೊಳ್ಳುತ್ತಿದ್ದುದು ಅದಕ್ಕೇ.

ಇಲ್ಲಿ ಒಂದು ಗೊಂದಲವನ್ನು ಬಿಡಿಸಬೇಕು. ಗಡಸು ಎನ್ನುವುದು ಬೇರೆ, ಒಡೆಯದಿರುವುದು ಬೇರೆ. ಗೀರು ಬೀಳದಿರುವ ಗುಣವೇ ಗಡಸುತನ. ಜರ್ಮನಿಯ ಫ್ರೀಡ್ರಿಕ್ ಮೋಸ್ 1812ರಲ್ಲಿ ಹತ್ತು ಖನಿಜಗಳನ್ನು ಸಾಲಾಗಿಟ್ಟು, ಯಾವುದು ಯಾವುದನ್ನು ಗೀರುತ್ತದೆ ಎಂದು ನೋಡಿ ಒಂದು ಮಾಪಕ ಮಾಡಿದ. ಅದರಲ್ಲಿ ವಜ್ರ 10. ನಮ್ಮ ಬೆಣಚುಕಲ್ಲು 7. ಫೆಲ್ಡ್‌ಸ್ಪಾರ್ 6. ಚಾಕುವಿನ ಉಕ್ಕು ಸುಮಾರು ಐದೂವರೆ. ನಮ್ಮ ಜಿಲ್ಲೆಯ ಬಂಡೆಯಲ್ಲಿ ಬಹುಪಾಲು ಬೆಣಚು ಮತ್ತು ಫೆಲ್ಡ್‌ಸ್ಪಾರ್. ನಡುನಡುವೆ ಹೊಳೆಯುವ ಕರಿಯ ಚಕ್ಕೆ ಅಭ್ರಕ, ಅಂದರೆ ನಮ್ಮವರು ಹೇಳುವ ಕಾಗೆಬಂಗಾರದ ಜಾತಿ. (ಈ ಕರಿಯ ಚಕ್ಕೆಯನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.) ಚಾಕುವಿನಿಂದ ಗೀರಿದರೆ ಬಂಡೆ ಸವೆಯದೆ ಚಾಕುವೇ ಸವೆಯುವುದು ಈ ಕಾರಣಕ್ಕೆ. ಆದರೆ ಎಲ್ಲವನ್ನೂ ಗೀರಬಲ್ಲ ವಜ್ರ ಸುತ್ತಿಗೆ ಏಟಿಗೆ ಪುಡಿಯಾಗುತ್ತದೆ. ದಯವಿಟ್ಟು ಅಮ್ಮನ ಮೂಗುಬೊಟ್ಟಿನ ಮೇಲೆ ಪರೀಕ್ಷಿಸಬೇಡಿ.

ಬದಲಿಗೆ ಒಂದು ಸೀಮೆಸುಣ್ಣದ ಕಡ್ಡಿ ತೆಗೆದುಕೊಳ್ಳಿ. ಮೇಜಿನ ಮೇಲೆ ನೆಟ್ಟಗೆ ನಿಲ್ಲಿಸಿ ಅಂಗೈಯಿಂದ ನೇರವಾಗಿ ಒತ್ತಿ. ಎಷ್ಟು ಒತ್ತಿದರೂ ತಡೆಯುತ್ತದೆ. ಈಗ ಅದೇ ಕಡ್ಡಿಯನ್ನು ಎರಡು ಕೈಯಲ್ಲಿ ಹಿಡಿದು ಬಾಗಿಸಿ. ಟಕ್ಕೆಂದು ಮುರಿಯುತ್ತದೆ. ಬಾಗಿಸಿದಾಗ ಒಂದು ಬದಿ ಕುಗ್ಗುತ್ತದೆ, ಇನ್ನೊಂದು ಬದಿ ಹಿಗ್ಗಬೇಕಾಗುತ್ತದೆ. ಹಿಗ್ಗುವುದು ಎಂದರೆ ಎಳೆತ. ಬಿರುಕು ಹುಟ್ಟುವುದು ಆ ಬದಿಯಲ್ಲಿ. ಬಂಡೆಯೂ ಇದೇ ಜಾತಿ. ಒಳ್ಳೆಯ ಗ್ರಾನೈಟು ಒಂದು ಚದರ ಸೆಂಟಿಮೀಟರಿನ ಮೇಲೆ ಒಂದೂವರೆ ಸಾವಿರ ಕಿಲೋ ಭಾರ ಹೇರಿದರೂ ತಡೆದೀತು. ಎಳೆದರೆ ಅದರ ಹತ್ತು ಹದಿನೈದರಲ್ಲಿ ಒಂದು ಪಾಲಿಗೇ ಸೋಲುತ್ತದೆ.

ನಂದಿ ಗ್ರಾಮದ ಭೋಗನಂದೀಶ್ವರ ದೇವಸ್ಥಾನಕ್ಕೆ ನೀವು ಹೋಗಿಯೇ ಇರುತ್ತೀರಿ. ಒಳಗೆ ಎಲ್ಲಿ ನಿಂತರೂ ಒಂದು ಕಂಬ ಅಡ್ಡ ಬರುತ್ತದೆ. ಅಷ್ಟು ಕಂಬ ಅಲಂಕಾರಕ್ಕೆ ಮಾತ್ರವಲ್ಲ. ನಿಂತ ಕಂಬದ ಮೇಲೆ ಬರೀ ಒತ್ತಡ, ಅದು ಕಲ್ಲಿಗೆ ಸಲೀಸು. ಅಡ್ಡ ಮಲಗಿದ ತೊಲೆಯ ಕೆಳಬದಿಗೆ ಎಳೆತ. ಅದು ಕಲ್ಲಿಗೆ ಕಷ್ಟ. ತೊಲೆ ಉದ್ದವಾದಷ್ಟೂ ನಡುವೆ ಮುರಿಯುವ ಭಯ. ಆದ್ದರಿಂದ ಕಂಬಗಳನ್ನು ಹತ್ತಿರ ಹತ್ತಿರ ನಿಲ್ಲಿಸಿದರು. ಬಿ.ಎಸ್ಸಿ. ಇಲ್ಲದೆಯೇ ಇದು ಅವರಿಗೆ ಗೊತ್ತಿತ್ತು. ಎಳೆತದಲ್ಲಿ ಯಾರು ಗಟ್ಟಿ ಎಂದರೆ ಶಿಡ್ಲಘಟ್ಟಕ್ಕೆ ಹೋಗಬೇಕು. ರೇಷ್ಮೆಗೂಡಿನಿಂದ ಬಿಚ್ಚುವ, ಕೂದಲಿಗಿಂತ ತೆಳುವಾದ ಎಳೆ, ಅಷ್ಟೇ ದಪ್ಪದ ಗ್ರಾನೈಟ್ ಎಳೆಯೊಂದನ್ನು ಮಾಡಲು ಸಾಧ್ಯವಾಗಿದ್ದರೆ, ಅದಕ್ಕಿಂತ ಹತ್ತಾರು ಪಟ್ಟು ಭಾರ ಎಳೆಯುತ್ತಿತ್ತು. ಅದೇ ಗೂಡನ್ನು ಬಿಸಿನೀರಿಗೆ ಹಾಕಿ. ಎಳೆಗಳನ್ನು ಅಂಟಿಸಿದ ಗೋಂದು ಸಡಿಲವಾಗಿ ಗೂಡು ಬಿಚ್ಚಿಕೊಳ್ಳುತ್ತದೆ. ಆಟದ ಒಂದೇ ಸಂಖ್ಯೆಯಲ್ಲಿ ಇದನ್ನೆಲ್ಲ ಹೇಗೆ ಬರೆಯುವುದು?

ಒಂದು ಶನಿವಾರ ಶಾಲೆ ಬಿಟ್ಟ ಮೇಲೆ ಹುಡುಗನ ಜೊತೆ ಗುಡ್ಡಕ್ಕೆ ಹೋದೆ. ಕೈಕೆಲಸ ನಡೆಯುವ ಜಾಗ, ಸಿಡಿಮದ್ದಿನ ಗಲಾಟೆ ಇಲ್ಲ. ಅವನ ತಂದೆ ಬಂಡೆಯ ಮೇಲೆ ನೇರ ಗೆರೆ ಎಳೆದು, ಗೇಣಿಗೊಂದರಂತೆ ಸಣ್ಣ ತೂತು ಕೊರೆದು, ತೂತುಗಳಲ್ಲಿ ಉಕ್ಕಿನ ಬೆಣೆ ಇಟ್ಟಿದ್ದರು. ಒಂದೊಂದಕ್ಕೂ ಒಂದೊಂದೇ ಏಟು, ಸಾಲಿನ ಈ ತುದಿಯಿಂದ ಆ ತುದಿಗೆ, ಮತ್ತೆ ಮೊದಲಿನಿಂದ. ಅವಸರವೇ ಇಲ್ಲ. ಪ್ರತಿ ಏಟಿಗೂ ದನಿ ಕೇಳಿಸಿಕೊಳ್ಳುತ್ತಿದ್ದರು.

"ಕಲ್ಲಿಗೂ ಎಳೆ ಇರ್ತದೆ ಸಾರ್. ಎಳೆ ನೋಡಿ ಹೊಡೆದ್ರೆ ಮಾತು ಕೇಳ್ತದೆ. ಅಡ್ಡ ಹೊಡೆದ್ರೆ ನಮ್ಮ ರಟ್ಟೆ ಬೀಳ್ತದೆ, ಕಲ್ಲು ಬೀಳಲ್ಲ."

ನಾಲ್ಕೈದು ಸುತ್ತು ಆಗಿರಬೇಕು. ಟಣ್ ಎನ್ನುತ್ತಿದ್ದ ದನಿ ಮಂಕಾಯಿತು. ಕೂದಲೆಳೆಯಂಥ ಗೆರೆ ಒಂದು ತೂತಿನಿಂದ ಇನ್ನೊಂದಕ್ಕೆ ಓಡಿತು, ಆಳುದ್ದದ ಬಂಡೆ ಬ್ರೆಡ್ಡಿನಂತೆ ಎರಡಾಯಿತು. ಬೆಣೆ ಕಲ್ಲನ್ನು ಒತ್ತಿ ಪುಡಿ ಮಾಡುವುದಿಲ್ಲ. ಎರಡು ಕಡೆಗೆ ನೂಕಿ ಎಳೆಯುತ್ತದೆ. ಒತ್ತಡದಲ್ಲಿ ಗೆಲ್ಲುವ ಕಲ್ಲನ್ನು ಎಳೆತದಲ್ಲಿ ಸೋಲಿಸುವ ಉಪಾಯ. ಅವರ ತಾತನ ಕಾಲದಲ್ಲಿ ಹಾಸುಬಂಡೆಯ ಮೇಲೆ ಸೌದೆ ಉರಿಸಿ, ಕಾದ ಪದರ ಹಿಗ್ಗಿ ಮೇಲೆದ್ದಾಗ ಚಪ್ಪಡಿ ಎಬ್ಬಿಸುತ್ತಿದ್ದರಂತೆ. ಹುಡುಗ ಇದನ್ನೆಲ್ಲ ಹುಟ್ಟಿದಾಗಿನಿಂದ ಕಂಡವನು. ಆದರೂ ಅವತ್ತು ಬಾಯಿ ತೆರೆದು ನೋಡುತ್ತಿದ್ದ.

ಸಿಡಿಮದ್ದಿನ ಬಗ್ಗೆ ಎರಡು ಮಾತು. ಆಟದಲ್ಲಿ ಕೆಂಪು ಗಡ್ಡೆಗೆ ಕಿಡಿ ತಾಗಿಸಿ ಓಡಿದರಾಯಿತು. ಸತ್ತರೆ ಮತ್ತೆ ಹುಟ್ಟಬಹುದು. 2021ರ ಫೆಬ್ರುವರಿಯಲ್ಲಿ ಚಿಕ್ಕಬಳ್ಳಾಪುರ ತಾಲ್ಲೂಕಿನ ಹಿರೇನಾಗವಲ್ಲಿಯ ಬಳಿ ಜಿಲೆಟಿನ್ ಕಡ್ಡಿಗಳು ಸಿಡಿದು ಆರು ಮಂದಿ ತೀರಿಕೊಂಡರು. ಕ್ವಾರಿಯ ಸುತ್ತ ತಂತಿ, ಕಡ್ಡಿ, ಕೊಳವೆಯಂಥದು ಏನೇ ಬಿದ್ದಿದ್ದರೂ ಮುಟ್ಟದೆ ದೊಡ್ಡವರಿಗೆ ತಿಳಿಸಿ. ಇದನ್ನು ನಾನು ಪ್ರತಿ ವರ್ಷ ಜೂನ್‌ನಲ್ಲಿ ಹೇಳುತ್ತೇನೆ.

ಸ್ಫೋಟಕ್ಕೂ ತಳಬಂಡೆಗೂ ಇನ್ನೊಂದು ನಂಟು ಗೌರಿಬಿದನೂರಿನಲ್ಲಿದೆ. ಆಟದ ಬೆಡ್‌ರಾಕ್ ಸಿಡಿತಕ್ಕೆ ಕಿವುಡು. ನಿಜವಾದ ಬಂಡೆಗೆ ಕಿವಿ ಬಹಳ ಚುರುಕು. ಗಟ್ಟಿ ಬಂಡೆಯಲ್ಲಿ ಕಂಪನ ಸೆಕೆಂಡಿಗೆ ಸುಮಾರು ಆರು ಕಿಲೋಮೀಟರ್ ವೇಗದಲ್ಲಿ ಸಾಗುತ್ತದೆ. ಗಾಳಿಯಲ್ಲಿ ಶಬ್ದದ ವೇಗ ಕಿಲೋಮೀಟರಿನ ಮೂರನೇ ಒಂದು ಭಾಗ ಮಾತ್ರ. 1960ರ ದಶಕದ ನಡುವೆ ನಮ್ಮ ಅಣುಶಕ್ತಿ ಇಲಾಖೆಯ ವಿಜ್ಞಾನಿಗಳು ಬ್ರಿಟನ್ನಿನ ಸಹಕಾರದಿಂದ ಗೌರಿಬಿದನೂರಿನ ಸುತ್ತ ಇಂಗ್ಲಿಷಿನ 'ಎಲ್' ಅಕ್ಷರದ ಆಕಾರದಲ್ಲಿ ಇಪ್ಪತ್ತು ಕಂಪನಮಾಪಕಗಳನ್ನು ಬಂಡೆಗೆ ಕೂರಿಸಿದರು. ಸಾವಿರಾರು ಕಿಲೋಮೀಟರ್ ದೂರದಲ್ಲಿ ಯಾರಾದರೂ ನೆಲದಡಿ ಅಣುಬಾಂಬು ಪರೀಕ್ಷಿಸಿದರೆ ಇಲ್ಲಿ ಕುಳಿತು ಪತ್ತೆ ಮಾಡುವುದು ಉದ್ದೇಶ. ಅದು ಭೂಕಂಪವೋ ಬಾಂಬೋ ಎಂದು ಅಲೆಯ ರೂಪ ನೋಡಿ ಬೇರ್ಪಡಿಸುತ್ತಾರೆ. ಗೌರಿಬಿದನೂರೇ ಏಕೆ? ಕಡಲಿನ ಅಬ್ಬರದಿಂದ ದೂರ, ಮತ್ತು ಕೆಳಗೆ ಇನ್ನೂರೈವತ್ತು ಕೋಟಿ ವರ್ಷ ದಾಟಿದ ಗಟ್ಟಿ, ಸದ್ದಿಲ್ಲದ ಬಂಡೆ.

ಇಷ್ಟು ಹಳೆಯ ಬಂಡೆ ಒಡೆಯುವುದಿಲ್ಲವೆ? ಒಡೆಯುತ್ತಲೇ ಇದೆ. ಮನುಷ್ಯನಿಗಿಂತ ಮೊದಲೇ ಬಿಸಿಲು, ನೀರು, ಬೇರು ಆ ಕೆಲಸ ಹಿಡಿದಿವೆ. ನಂದಿಬೆಟ್ಟ ಸಮುದ್ರಮಟ್ಟದಿಂದ 1478 ಮೀಟರ್ ಎತ್ತರ. ಅದರ ಮೈಯನ್ನು ಗಮನಿಸಿ: ಈರುಳ್ಳಿ ಸಿಪ್ಪೆಯಂತೆ ಪದರ ಪದರವಾಗಿ ಸುಲಿದಿದೆ. ಒಂದು ಕಾಲದಲ್ಲಿ ಆ ಬಂಡೆ ನೆಲದಾಳದಲ್ಲಿ ದೊಡ್ಡ ಭಾರದ ಕೆಳಗಿತ್ತು. ಮೇಲಿನದು ಕೋಟ್ಯಂತರ ವರ್ಷ ಸವೆದು ಹೋದಾಗ ಭಾರ ಇಳಿದು, ಬಂಡೆ ಮೈಮುರಿದು ಎದ್ದಂತೆ ಹಿಗ್ಗಿ ಸೀಳಿತು. ಸೀಳಿನಲ್ಲಿ ಮಳೆನೀರು ಇಳಿಯುತ್ತದೆ. ಗಾಳಿಯ ಮತ್ತು ಮಣ್ಣಿನ ಇಂಗಾಲದ ಡೈ ಆಕ್ಸೈಡ್ ಬೆರೆತ ನೀರು ತುಸು ಹುಳಿ, ಸೋಡಾದ ದೂರದ ತಮ್ಮನಂತೆ. ಅದು ಫೆಲ್ಡ್‌ಸ್ಪಾರನ್ನು ಮೆಲ್ಲಗೆ ಜೇಡಿಮಣ್ಣು ಮಾಡುತ್ತದೆ. ಬೆಣಚು ಜಗ್ಗುವುದಿಲ್ಲ, ಮರಳಾಗಿ ಉಳಿಯುತ್ತದೆ. ನಮ್ಮ ಕೆರೆಗಳ ಹೂಳು, ಇಟ್ಟಿಗೆಗೂಡಿನ ಮಣ್ಣು, ರಾಗಿ ಹಿಪ್ಪುನೇರಳೆ ಬೆಳೆಯುವ ಕೆಂಪು ಹೊಲ ಎಲ್ಲವೂ ಒಡೆದ ಬಂಡೆಯೇ. ಬೆಡ್‌ರಾಕ್ ಆಟದಲ್ಲಿರುವಂತೆ ಇದ್ದಿದ್ದರೆ ಚಿಂತಾಮಣಿಯ ಹೊಲಗಳಲ್ಲಿ ಒಂದು ನೆಲಗಡಲೆ ಗಿಡವೂ ಬೇರು ಬಿಡುತ್ತಿರಲಿಲ್ಲ.

ನೀರೂ ಇರುತ್ತಿರಲಿಲ್ಲ. ಗಟ್ಟಿ ಬಂಡೆಯ ಒಡಲಲ್ಲಿ ನೀರು ನಿಲ್ಲಲು ಜಾಗವಿಲ್ಲ. ನಿಲ್ಲುವುದು ಮೇಲಿನ ಸವೆದ ಪದರದಲ್ಲಿ, ಅದರ ಕೆಳಗೆ ಬಿರುಕುಗಳಲ್ಲಿ. ನನ್ನ ಬಾಲ್ಯದಲ್ಲಿ ನಮ್ಮ ತೋಟದ ಬಾವಿ ನಲವತ್ತು ಅಡಿ. ಅದರಲ್ಲಿ ಈಜು ಕಲಿತೆ. ಅದು ಬತ್ತಿತು. ಆಮೇಲೆ ಕೊಳವೆಬಾವಿ ಮುನ್ನೂರು ಅಡಿ, ಆರುನೂರು ಅಡಿ. ಹನ್ನೆರಡು ವರ್ಷದ ಹಿಂದೆ ಸಾಲ ಮಾಡಿ ಸಾವಿರದ ನೂರು ಅಡಿ ಕೊರೆಸಿದೆ. ರಾತ್ರಿಯೆಲ್ಲ ಬಿಳಿ ಧೂಳು ಹಾರಿತು, ನೀರಿನ ಪಸೆಯೂ ಇಲ್ಲ. ಬೆಳಗ್ಗೆ ಮನೆಯವರೆಲ್ಲ ಹಿಟ್ಟಿನ ಗಿರಣಿಯಿಂದ ಬಂದವರಂತೆ ಕಾಣುತ್ತಿದ್ದೆವು. ಯಾರೂ ನಗಲಿಲ್ಲ.

ಅಷ್ಟು ಆಳದಲ್ಲಿ ನೀರು ಸಿಕ್ಕವರ ಕಥೆ ಬೇರೆ. ಆ ನೀರು ಮೊನ್ನೆಯ ಮಳೆಯದಲ್ಲ. ಬಂಡೆಯ ಬಿರುಕಿನಲ್ಲಿ ಬಹುಕಾಲ ಕುಳಿತದ್ದು. ಸುಮ್ಮನೆ ಕೂರುವುದು ನೀರಿನ ಜಾಯಮಾನವಲ್ಲ. ಸುತ್ತಲ ಕಲ್ಲನ್ನು ಕರಗಿಸುತ್ತ ಇರುತ್ತದೆ. ಕರಿಯ ಚಕ್ಕೆ ನೆನಪಿದೆಯಷ್ಟೆ? ಆ ಅಭ್ರಕದಲ್ಲಿ, ಇನ್ನು ಕೆಲವು ಖನಿಜಗಳಲ್ಲಿ ಫ್ಲೋರೈಡ್ ಇದೆ. ಅದು ನೀರಿಗೆ ಇಳಿಯುತ್ತದೆ. ಬಣ್ಣವಿಲ್ಲ, ವಾಸನೆಯಿಲ್ಲ, ರುಚಿಯಲ್ಲಿ ಗೊತ್ತಾಗದು. ಕುಡಿಯುವ ನೀರಿನ ಭಾರತೀಯ ಮಾನಕದ ಪ್ರಕಾರ ಲೀಟರಿಗೆ 1 ಮಿಲಿಗ್ರಾಂ ಒಳಗಿರಬೇಕು, ಬೇರೆ ದಾರಿಯೇ ಇಲ್ಲದಿದ್ದರೆ ಒಂದೂವರೆವರೆಗೆ ಪರವಾಗಿಲ್ಲ. ನಮ್ಮ ಜಿಲ್ಲೆಯ ಎಷ್ಟೋ ಕೊಳವೆಬಾವಿಗಳು ಇದನ್ನು ದಾಟುತ್ತವೆ.

ದಾಟಿದರೆ ಏನು? ನಮ್ಮ ದೇಹದಲ್ಲಿಯೂ ಒಂದು ಬೆಡ್‌ರಾಕ್ ಇದೆ. ಹಲ್ಲಿನ ಹೊರಪದರ, ಎನಾಮೆಲ್. ದೇಹದ ಅತಿ ಗಡಸು ವಸ್ತು. ಅಪಟೈಟ್ ಎಂಬ ಖನಿಜದ ಜಾತಿ; ಮೋಸ್ ಮಾಪಕದಲ್ಲಿ 5. ಹುಟ್ಟಿನಿಂದ ಸುಮಾರು ಎಂಟು ವರ್ಷದವರೆಗೆ, ಕಾಯಂ ಹಲ್ಲುಗಳು ವಸಡಿನೊಳಗೆ ರೂಪುಗೊಳ್ಳುವಾಗ, ಫ್ಲೋರೈಡ್ ಮಿತಿಮೀರಿದರೆ ಎನಾಮೆಲ್ ಸರಿಯಾಗಿ ಕಟ್ಟುವುದಿಲ್ಲ. ಹಲ್ಲು ಮೂಡಿದಾಗ ಸುಣ್ಣದ ಕಲೆ, ಹೆಚ್ಚಾದರೆ ಕಂದು ಗೆರೆ, ಗುಳಿ. ಉಜ್ಜಿದರೆ ಹೋಗುವುದಿಲ್ಲ. ಮಕ್ಕಳು ಸರಿಯಾಗಿ ಹಲ್ಲುಜ್ಜುವುದಿಲ್ಲ ಎಂದು ಬೈಯುವ ತಾಯಂದಿರೇ, ಒಮ್ಮೆ ನೀರನ್ನೂ ಅನುಮಾನಿಸಿ. ಇನ್ನೂ ಹೆಚ್ಚಿನ ಪ್ರಮಾಣ ಬಹಳ ವರ್ಷ ಮುಂದುವರಿದರೆ ಮೂಳೆ, ಕೀಲುಗಳಿಗೂ ತೊಂದರೆ. ಕುದಿಸಿದರೆ ಫ್ಲೋರೈಡ್ ಹೋಗುವುದಿಲ್ಲ. ನೀರು ಆವಿಯಾಗಿ ಉಳಿದದ್ದರಲ್ಲಿ ಸ್ವಲ್ಪ ಹೆಚ್ಚೇ ಆಗುತ್ತದೆ. ಬಟ್ಟೆಯಲ್ಲಿ ಸೋಸಿದರೂ ಅಷ್ಟೆ. ಹಳ್ಳಿಗಳ ಶುದ್ಧ ನೀರಿನ ಘಟಕ ಸರಿಯಾಗಿ ನಡೆಯುತ್ತಿದ್ದರೆ ಅದು ಸಾಕು. ಸೂರಿನ ಮೇಲೆ ಬಿದ್ದ ಮಳೆನೀರು ಚೊಕ್ಕಟವಾಗಿ ಹಿಡಿದಿಟ್ಟರೆ ಇನ್ನೂ ಒಳ್ಳೆಯದು. ಮೋಡ ಬಂಡೆಯನ್ನು ಮುಟ್ಟಿರುವುದಿಲ್ಲ.

ನಮ್ಮ ಪರೀಕ್ಷಾ ಪೆಟ್ಟಿಗೆಯಲ್ಲಿ ಫ್ಲೋರೈಡಿನ ಒಂದು ದ್ರಾವಣ ಇದೆ. ನೀರಿಗೆ ಕೆಲವು ಹನಿ ಹಾಕಿದರೆ ಗುಲಾಬಿ ಬಣ್ಣ. ಫ್ಲೋರೈಡ್ ಹೆಚ್ಚಿದಷ್ಟೂ ಹಳದಿಗೆ ತಿರುಗುತ್ತದೆ. ಪಕ್ಕಾ ಅಳತೆಗೆ ಪ್ರಯೋಗಾಲಯಕ್ಕೇ ಕಳಿಸಬೇಕು, ಅಂದಾಜಿಗೆ ಇದು ಸಾಕು. ಎಲ್ಲರೂ ಮನೆಯಿಂದ ಒಂದು ಸೀಸೆ ನೀರು ತನ್ನಿ ಎಂದೆ. ಶಾಲೆಯ ಮಳೆನೀರು ಗುಲಾಬಿಯಾಗಿಯೇ ಉಳಿಯಿತು. ಘಟಕದ ನೀರೂ ಹಾಗೆಯೇ. ನಮ್ಮ ಹುಡುಗ ತಂದ ಸೀಸೆ, ಅವರ ಬೀದಿಯ ಕೊಳವೆಬಾವಿಯದು, ಹಳದಿಯಾಯಿತು. ಅವನು ಮಾತಾಡುವಾಗ ಕೈಯನ್ನು ಬಾಯಿಗೆ ಅಡ್ಡ ಹಿಡಿಯುತ್ತಾನೆ. ನಾಚಿಕೆಯ ಸ್ವಭಾವ ಎಂದು ಮೂರು ವರ್ಷ ಅಂದುಕೊಂಡಿದ್ದೆ.

ಸೀಸೆಯನ್ನು ಮನೆಗೆ ಒಯ್ಯುತ್ತೇನೆಂದ. ಆಮ್ಲ ಇದೆ, ಕೊಡುವುದಿಲ್ಲ, ಅಪ್ಪನನ್ನೇ ಕರೆದುಕೊಂಡು ಬಾ ಎಂದೆ. ಸೋಮವಾರ ಕೆಲಸಕ್ಕೆ ಹೋಗುವ ಮೊದಲು ತಂದೆ ಬಂದರು. ಸೊಂಟದಲ್ಲಿ ಟವಲು, ರೆಪ್ಪೆಯ ಮೇಲೆ ಹಿಂದಿನ ದಿನದ ಕಲ್ಲಿನ ಧೂಳು. ಎರಡು ಸೀಸೆಗಳನ್ನು ಬೆಳಕಿಗೆ ಹಿಡಿದು ಬಹಳ ಹೊತ್ತು ನೋಡಿದರು.

"ಇದು ಕಲ್ಲಿಂದಾನೇ ಬಂತಾ ಸಾರ್?"

ಹೌದು ಎಂದೆ. ದೊಡ್ಡವನ ಹಲ್ಲಿನ ಕಲೆ ತಾನಾಗಿ ಹೋಗುವುದಿಲ್ಲ, ಮುಚ್ಚುವ ಚಿಕಿತ್ಸೆ ದಂತವೈದ್ಯರಲ್ಲಿ ಇದೆ, ಆದರೆ ಮೂರು ವರ್ಷದ ಮಗಳಿಗೆ ಇನ್ನೂ ಸಮಯವಿದೆ, ಕುಡಿಯುವುದಕ್ಕೂ ಅಡುಗೆಗೂ ಬೇರೆ ನೀರು ಬಳಸಿ ಎಂದು ಹೇಳಿದೆ. ಘಟಕ ಅವರ ಬೀದಿಯಿಂದ ಒಂದು ಫರ್ಲಾಂಗು. ಇಷ್ಟು ದಿನ ಅಷ್ಟು ದೂರ ಕ್ಯಾನು ಹೊರುವುದೇಕೆ, ಬಾಗಿಲಲ್ಲೇ ನೀರಿದೆಯಲ್ಲ ಎಂದುಕೊಂಡಿದ್ದರಂತೆ. ಅದು ಬೆಳಗ್ಗೆ ಎಷ್ಟು ಗಂಟೆಗೆ ತೆರೆಯುತ್ತದೆ, ಕೆಟ್ಟು ನಿಂತರೆ ಪಂಚಾಯ್ತಿಯಲ್ಲಿ ಯಾರನ್ನು ಕೇಳಬೇಕು ಎಂದು ವಿಚಾರಿಸಿಕೊಂಡು ಗುಡ್ಡದ ಕಡೆ ಹೊರಟರು. ಹುಡುಗನ ಉತ್ತರಪತ್ರಿಕೆ ಇನ್ನೂ ನನ್ನ ಚೀಲದಲ್ಲೇ ಇದೆ. ಚಿತ್ರಕ್ಕೆ ಅರ್ಧ ಅಂಕ ಕೊಡೋಣವೆಂದಿದ್ದೇನೆ.